ಬಿಟ್ಟು ಓದಿದ ಹೆಸರು

ಬ್ಯಾಡಗಿ, ಸೋಮವಾರ

ಉಚ್ಚಂಗೆವ್ವ ದೊಡ್ಡವ್ವನವರಿಗೆ,

ಹೊಸರಿತ್ತಿಯ ಮಗಳ ಮನೆಯಲ್ಲಿ ಆರಾಮ ಇದ್ದೀರೆಂದು ನಂಬಿದ್ದೇನೆ.

ನಿಮ್ಮ ಖಾರ ಕುಟ್ಟುವ ಮಿಷನ್ನಿನ ಮೇಲಿದ್ದ ಅರ್ಜಿಯನ್ನು ಹಾವೇರಿ ಕೋರ್ಟಿನಲ್ಲಿ ಮುಚ್ಚಿದರು. ಮಿಷನ್ ಹೋದದ್ದರಿಂದ ಅರ್ಜಿದಾರನ ದೂರು ಬಗೆಹರಿದಿದೆ ಎಂದು ಬರೆದಿದ್ದಾರೆ. ಆದರೆ ನೀವು ಹೋದ ಮೇಲೂ ನನ್ನ ಮಗಳ ಕೆಮ್ಮು ನಿಲ್ಲಲಿಲ್ಲ. ಖಾರದ ಘಾಟಲ್ಲ, ಮಾಳಿಗೆಯ ಮೇಲೆ ನಾನು ಸಾಕಿದ ಪಾರಿವಾಳಗಳೇ ಕಾರಣವೆಂದು ರಾಣೆಬೆನ್ನೂರಿನ ಡಾಕ್ಟರು ಹೇಳಿದರು. ಅವನ್ನು ಕೊಟ್ಟುಬಿಟ್ಟೆ. ಈಗ ಕೆಮ್ಮಿಲ್ಲ.

ನೋಟೀಸು ಬಂದ ದಿನ, ಎಲ್ಲ ಕಾಗದಗಳಂತೆ ಅದನ್ನೂ ಓದಿಸಿಕೊಳ್ಳಲು ನನ್ನ ಹತ್ತಿರವೇ ತಂದಿರಿ. ಮೊದಲ ಸಾಲಿನಲ್ಲಿದ್ದ ನನ್ನ ಹೆಸರನ್ನು ಬಿಟ್ಟು ಓದಿದೆ.

"ಯಾರು ಹಾಕ್ಯಾರೋ ತಮ್ಮಾ?" ಎಂದಿರಿ.

"ಓಣಿಯವ್ರು, ದೊಡ್ಡವ್ವ" ಎಂದೆ.

"ನನ್ನಿಂದ ಮಂದಿಗೆ ತ್ರಾಸ ಬ್ಯಾಡ" ಎಂದು ತಾರೀಖಿಗೆ ಮೊದಲೇ ಮಿಷನ್ ಕೀಳಿಸಿದಿರಿ. ಹೋಗುವಾಗ ನಮ್ಮ ಮನೆಯಲ್ಲೇ ಚಹಾ ಕುಡಿದಿರಿ.

ಮಿಷನ್ ಮತ್ತೆ ಇಲ್ಲಿಗೇ ತನ್ನಿ. ನನ್ನ ಒಪ್ಪಿಗೆ ಪತ್ರ ಇದರೊಳಗಿದೆ, ಪುರಸಭೆಗೆ ಕೊಡಿ. ನಮ್ಮ ವರ್ಷದ ಮೆಣಸಿನಕಾಯಿ ಕುಟ್ಟಿಸದೆ ಚೀಲದಲ್ಲೇ ಇದೆ.

ಕಾವ್ಯಾ, ಅಜ್ಜಿಗೆ ಇದನ್ನು ಓದಿ ಹೇಳುತ್ತಿರುವವಳು ನೀನೇ ಇರಬೇಕು. ಕೆಳಗಿನ ಹೆಸರನ್ನು ಬಿಡದೆ ಓದವ್ವ.

ಅರ್ಜಿದಾರ,
ಮೈಲೇಶ