ಅರ್ಧ ಇಂಚಿನ ದಾವೆ

ನೇಮಕಾತಿ ಸಾಹೇಬರಿಗೆ ದರ್ಜಿಯ ನಮಸ್ಕಾರ.

ಖರ್ಚು ಮೊದಲು ಹೇಳಿಬಿಡುತ್ತೇನೆ: ಎರಡು ವರ್ಷ, ಹದಿನಾಲ್ಕು ವಾಯಿದೆ, ಒಂದು ಜೊತೆ ಚಪ್ಪಲಿ.

ಅಗ್ನಿಶಾಮಕ ದಳಕ್ಕೆ ನನ್ನ ಮಗಳು ಅರ್ಧ ಇಂಚು ಗಿಡ್ಡ ಎಂದು ನೀವು ವಾಪಸ್ಸು ಕಳಿಸಿಬಿಟ್ಟಾಗ, ನಾನು ಟೇಪು ಹಿಡಿದು ಬಂದಿದ್ದೆ. "ಬಟ್ಟೆ ಅಳೆಯೋನು ನಮಗೇ ಅಳತೆ ಕಲಿಸ್ತೀಯೇನಯ್ಯಾ?" ಎಂದಿರಿ. ಕೊನೆಗೆ ನ್ಯಾಯಾಲಯ ಕಳಿಸಿದ ಅಮೀನರು ನಿಮ್ಮ ಕಚೇರಿಯಲ್ಲಿ ಬಗ್ಗಿ ನೋಡಿದರು. ಗೋಡೆಯ ಅಳತೆಪಟ್ಟಿಯನ್ನು ನೆಲದಿಂದ ಅರ್ಧ ಇಂಚು ಮೇಲಕ್ಕೆ ಮೊಳೆ ಹೊಡೆದು ಕೂರಿಸಲಾಗಿತ್ತು. "ಅಯ್ಯೋ, ಪಟ್ಟೀನೇ ತುದಿಗಾಲಲ್ಲಿ ನಿಂತಿದೆಯಲ್ರೀ!" ಎಂದು ಅಮೀನರು ನಕ್ಕರು.

ತೀರ್ಪು ಬಂದಾಗ ಮಗಳು ನನ್ನನ್ನು ಹೆಗಲಿಗೆ ಹೊತ್ತು ಅಂಗಡಿಯ ಮುಂದೆಲ್ಲಾ ಓಡಿದಳು. ನಾಳೆ ಕೆಲಸಕ್ಕೆ ಸೇರುತ್ತಾಳೆ. ದಯವಿಟ್ಟು ಆ ಪಟ್ಟಿಯನ್ನು ಇವತ್ತೇ ಕೆಳಗಿಳಿಸಿ.

ಲಾಭ ಇಷ್ಟು: ಅವಳಿಗೆ ನೌಕರಿ, ಅವಳಂತೆಯೇ ವಾಪಸ್ಸಾಗಿದ್ದ ಒಂಬತ್ತು ಹುಡುಗಿಯರಿಗೆ ಮರು ಅಳತೆ, ನನಗೆ ಅವಳ ಸಮವಸ್ತ್ರ ಹೊಲಿಯುವ ಕೆಲಸ.

ಇಂತಿ,
ಹುಡುಗಿಯ ಅಪ್ಪ