ಸೋತರೂ ಮುಗಿಯದ ಆಟ

ನಿಜಲಿಂಗಪ್ಪ ಬಡಾವಣೆ, ದಾವಣಗೆರೆ
ಮಂಗಳವಾರ, ೧೧ ನವೆಂಬರ್ ೨೦೨೫

ಮುದ್ದು ಕೃತಿಕಾ,

ಜ್ವರ ಬಿಟ್ಟಿತೇ? ತಲೆಗೆ ಎಣ್ಣೆ ಹಚ್ಚಿಕೊಳ್ಳುತ್ತೀಯೋ ಇಲ್ಲವೋ? ಹಾಸ್ಟೆಲಿನ ಸಾರು ನೀರಾಗಿದ್ದರೂ ಊಟ ಬಿಡಬೇಡ. ದಾವಣಗೆರೆಯಿಂದ ಹರಿಹರ ಎಷ್ಟು ದೂರ, ಬಾತಿ ದಾಟಿದರೆ ಬಂದೇಬಿಡುತ್ತದೆ. ಆದರೂ ನಿಮ್ಮ ಕೋಚಿಂಗಿನವರು ಫೋನ್ ಕೊಡುವುದಿಲ್ಲವಾದ್ದರಿಂದ ಅಂಚೆಯಲ್ಲಿ ಬರೆಯಬೇಕಾಗಿದೆ. ನಿನಗಿಂತ ಮೊದಲು ಇದನ್ನು ಒಡೆದು ಓದುವ ವಾರ್ಡನ್ ಮೇಡಂಗೂ ನಮಸ್ಕಾರ. ಪೂರ್ತಿ ಓದಿರಿ ಮೇಡಂ, ಮುಚ್ಚಿಡುವಂಥದ್ದೇನೂ ಇಲ್ಲ.

ಹೋದ ತಿಂಗಳು ನಿನ್ನಪ್ಪ ಬಕ್ಕೇಶ್ ಟಿವಿಗೆ ಸಿಕ್ಕಿಸಿ ಆಡುವ ನಿನ್ನ ಆಟದ ಪೆಟ್ಟಿಗೆ ಮಾರಲು ಹೊರಟಿದ್ದ. "ಎರಡು ಸಲ ನೀಟ್ ಹೋಗಿದ್ದು ಇದರಿಂದ್ಲೇ ಅವ್ವಾ" ಎಂದ. ಕಳ್ಳನನ್ನೂ ವಿಚಾರಣೆಯಿಲ್ಲದೆ ಜೈಲಿಗೆ ಹಾಕುವುದಿಲ್ಲ, ಮೊದಲು ನಾನು ನೋಡುತ್ತೇನೆ ಎಂದು ಕಸಿದುಕೊಂಡೆ. ಹೈಸ್ಕೂಲಿನಲ್ಲಿ ಇಂಗ್ಲಿಷ್ ಕಲಿಸಿ ನಿವೃತ್ತಳಾದ ನನಗೆ ಅದರ ಭಾಷೆಯೇನೂ ಕಬ್ಬಿಣದ ಕಡಲೆಯಲ್ಲ. ಕತ್ತಿ ಬೀಸುವುದು ಮಾತ್ರ ಕೈಗೆ ಹತ್ತಲಿಲ್ಲ. ಅದಕ್ಕೆ ನಿನ್ನ ಗೆಳತಿ ಬುಷ್ರಾ ಸಂಜೆ ಬಂದು ಕೂರುತ್ತಾಳೆ. ನಡುವೆ ಒಗ್ಗರಣೆ ಮಂಡಕ್ಕಿಯ ತಟ್ಟೆ. ನಿನ್ನಮ್ಮ ರೂಪಶ್ರೀ ಅಡುಗೆಮನೆಯಲ್ಲಿದ್ದರೂ ಅವಳ ಕಿವಿ ಇತ್ತಲೇ.

ನಿನಗೆ ಗೊತ್ತಿರುವ ಕಥೆಯೇ, ಆದರೂ ಕೇಳು. ನಾಳೆ ವೈರಿಯ ಸೈನ್ಯ ಕೋಟೆಗೆ ನುಗ್ಗುತ್ತದೆ. ಕಾಯಬೇಕಾದವಳು ನಮ್ಮ ರಾಣಿ. ಅಷ್ಟರಲ್ಲಿ ಬಾಗಿಲ ಬಳಿ ಹಸಿದ ಜನ ಬಂದು ನಿಂತರು. ದಾಸೋಹದ ಮನೆಗೆ ಸೊಸೆಯಾಗಿ ಬಂದವಳು ನಾನು, ಹೊಸ್ತಿಲಲ್ಲಿ ಹಸಿದವರನ್ನು ನಿಲ್ಲಿಸಿ ಗೊತ್ತೇ ಇಲ್ಲ. ರಾಣಿಯ ಚೀಲದಲ್ಲಿದ್ದ ಗಂಜಿಯನ್ನೆಲ್ಲ ಬಡಿಸಿಬಿಟ್ಟೆ. ಬುಷ್ರಾ ಹಣೆ ಹಣೆ ಚಚ್ಚಿಕೊಂಡಳು. "ಅಜ್ಜಿ, ಅದು ಗಾಯ ವಾಸಿ ಮಾಡೋ ಔಷಧಿ ರೀ, ಯುದ್ಧಕ್ಕೆ ಇಟ್ಕೋಬೇಕಿತ್ತು." ಕೋಟೆ ಬಿತ್ತು. ಉಂಡವರು ಯಾರೂ ಸಹಾಯಕ್ಕೆ ಬರಲಿಲ್ಲ. ಬರಲಿ ಅಂತ ಉಣಿಸಿದ್ದೂ ಅಲ್ಲ ಬಿಡು.

ಇನ್ನು ಮೊದಲಿಂದ ಶುರು ಎಂದುಕೊಂಡೆ. ನಿನ್ನಪ್ಪನ ಮೊಬೈಲ್ ಆಟಗಳೆಲ್ಲ ಹಾಗೆಯೇ, ಸೋತರೆ ಮುಖದ ಮೇಲೆ ಬಾಗಿಲು ಹಾಕುತ್ತವೆ, ಗೆಲ್ಲುವ ತನಕ ಅದನ್ನೇ ಆಡಿಸುತ್ತವೆ. ಇದು ಹಾಗೆ ಮಾಡಲಿಲ್ಲ. ಸೋಲನ್ನು ಸೋಲಾಗಿಯೇ ಉಳಿಸಿಕೊಂಡು ಕಥೆ ಮುಂದಕ್ಕೆ ಹೋಯಿತು. ರಾಣಿ ದೋಣಿ ಹತ್ತಿ ಹೊಳೆ ದಾಟಿದಳು. ಆಚೆ ದಡದಲ್ಲಿ ಬೇರೆ ಊರು, ಬೇರೆ ಜನ, ಅವಳಿಗೆ ಬೇರೆಯದೇ ಕೆಲಸ. ಹಿಂದೆ ತಾನು ಆಡಿದಾಗ ಕೋಟೆ ಗೆದ್ದಿದ್ದ ಬುಷ್ರಾ ಆ ಊರನ್ನು ಕಂಡೇ ಇರಲಿಲ್ಲ. "ಇಷ್ಟು ದೊಡ್ಡ ಊರು ಇತ್ತಾ ಅಜ್ಜಿ" ಎಂದು ಬಾಯಿ ಬಿಟ್ಟು ನೋಡಿದಳು. ನೀನು ಇಂಥ ಆಟಗಳಿಗೆ ಕಥೆ ಬರೆಯುವುದನ್ನೇ ಕಲಿಯುತ್ತೇನೆ ಎಂದಾಗ ಮನೆಯಲ್ಲಿ ನಕ್ಕರಲ್ಲ, ಅವರಿಗೆ ಇದನ್ನು ತೋರಿಸಬೇಕಿತ್ತು.

ಬಕ್ಕೇಶನನ್ನು ಕೂರಿಸಿ ತೋರಿಸಿದೆ. "ಅದು ಆಟ, ಇದು ಜೀವನ. ಸೀಟು ತಗೊಂಡೇ ಮನೆಗೆ ಬರಲಿ" ಎಂದ. ನನಗೆ ಸಿಟ್ಟು ನೆತ್ತಿಗೇರಿತು. ಸೋತವಳಿಗೂ ಒಂದು ಊರು ಕಟ್ಟಿಟ್ಟಿದ್ದಾರಲ್ಲ ಆ ಆಟದವರು, ಹೆತ್ತ ಮಗಳಿಗೆ ಸ್ವಂತ ಮನೆ ಬಾಗಿಲು ತೆರೆಯಲು ನಿನಗೇನು ಕಷ್ಟ ಎಂದು ಕೇಳಿದೆ. ಅವನು ಎದ್ದು ಅಂಗಡಿಗೆ ಹೋದ. ಎರಡು ಸಲ ಮುರಿದ ಹುಡುಗಿಯನ್ನು ಮೂರನೆಯ ಸಲ ಅದೇ ಗಾಣಕ್ಕೆ ಹಾಕುವುದು ಛಲವಲ್ಲ, ಮೊಂಡುತನ. ಮೇಡಂ, ಈ ಸಾಲನ್ನು ಬೇಕಾದರೆ ಎರಡು ಸಲ ಓದಿರಿ.

ನಿನಗೆ ಒಳ್ಳೆಯ ನಿದ್ದೆ ಬರಲಿ, ಬಾಯಿಗೆ ರುಚಿ ಹತ್ತಲಿ. ಬುಷ್ರಾಳ ಸಲಾಂ.

ನಿನ್ನ ಅಜ್ಜಿ,
ದ್ರಾಕ್ಷಾಯಣಮ್ಮ

ಮರೆತಿದ್ದೆ: ಭಾನುವಾರ ಬೆಳಿಗ್ಗೆ ಬರುತ್ತೇನೆ. ಡಾಕ್ಟರೇ ಆಗಬೇಕು ಎಂದು ನಿನಗೇ ಇದ್ದರೆ ಹೇಳು, ಹೋಳಿಗೆ ಕೊಟ್ಟು ಹಿಂತಿರುಗುತ್ತೇನೆ. ಸಾಕಾಗಿದ್ದರೆ ಹಾಸಿಗೆ ಸುತ್ತಿ ಗೇಟಿನ ಹತ್ತಿರ ಕೂತಿರು. ಬಸ್ಸಿಗೆ ಹೋಗುವುದೆಂದಿದ್ದೆ. ನಿನ್ನಮ್ಮ ಈಗ ನನ್ನ ಹೆಗಲ ಮೇಲಿಂದ ಇದನ್ನು ಓದಿ, "ಹಾಸಿಗೆ ತರೋದೈತಲ್ಲ ಅತ್ತೆ, ಆಟೋ ಹೇಳ್ತೀನಿ, ನಾನೂ ಬರ್ತೀನಿ" ಎಂದಳು.