ಹೊಲಿಗೆ ಯಾವ ಕಡೆಗಿತ್ತು

ಆಗಸ್ಟ್ 24, ಶನಿವಾರ

ಮಧ್ಯಾಹ್ನದವರೆಗೆ ಟೈರ್ ಅಂಗಡಿ. ಮನೆಗೆ ಬಂದು ಟಿವಿ ಹಾಕಿದರೆ – ಮತ್ತೆ ಅದೇ! ಫುಟ್‌ಬಾಲ್ ಸೀಸನ್ ಶುರುವಾಗುವ ಮುಂಚೆ ಪ್ರತಿ ವರ್ಷ ತೋರಿಸುತ್ತಾರೆ. ಅಲಬಾಮಾದ ನಮ್ಮ ಎರಡು ಕಾಲೇಜುಗಳ ಮ್ಯಾಚು, ಇಪ್ಪತ್ತಮೂರು ವರ್ಷದ ಹಿಂದಿನದು, ಕೊನೆಯ ಮೂರು ಸೆಕೆಂಡು. ನಮ್ಮ ತಂಡದ ಲೈಲ್ ಒದೆಯುತ್ತಾನೆ, ಎರಡು ಕಂಬಗಳ ನಡುವೆ ಹೋಗಬೇಕಾದ ಚೆಂಡು ಕಂಬದ ಆಚೆ ಹೋಗುತ್ತದೆ, ಸೋತೆವು. ಲೈಲ್‌ನ ಅಳುಮುಖ ಪರದೆ ತುಂಬಾ. ಅವನು ಒದೆಯಲೆಂದು ಚೆಂಡನ್ನು ನೆಲದ ಮೇಲೆ ನಿಲ್ಲಿಸಿ ಹಿಡಿದವನು ನಾನು. ಒಂದು ಹೆಲ್ಮೆಟ್ಟು, ಎರಡು ಕೈ – ಅಷ್ಟೇ ಕಾಣುತ್ತೇನೆ.

"ಆರಿಸೋ ಅದನ್ನ, ಕೋಯ್! ಇನ್ನೆಷ್ಟು ಸಲ ನೋಡ್ತೀಯ?" ಎಂದಳು ಹೆಂಡತಿ ಮಾರ್ವಾ.

ಸೆಪ್ಟೆಂಬರ್ 6

ಸಾಕ್ಷ್ಯಚಿತ್ರದವರು ಬಂದಿದ್ದರು. ಕೆಂಡ್ರಾ ಅಂತ ನಿರ್ದೇಶಕಿ. ಮೂರು ಗಂಟೆ ಮಾತಾಡಿಸಿದಳು. ಹೇಳಿಬಿಟ್ಟೆ, ಎಲ್ಲ! ಚೆಂಡಿನ ಹೊಲಿಗೆ ಒದೆಯುವವನ ಕಾಲಿನ ಕಡೆ ಇರಬಾರದು, ಇದ್ದರೆ ಚೆಂಡು ಓರೆಯಾಗಿ ಹೋಗುತ್ತದೆ. ತಿರುಗಿಸಿ ನಿಲ್ಲಿಸುವುದು ಹಿಡಿಯುವವನ ಕೆಲಸ. ತಿರುಗಿಸಲಿಲ್ಲ. ಕೈ ಮರಗಟ್ಟಿತ್ತು. ಆಗ ಹೇಳಲು ಧೈರ್ಯ ಸಾಲಲಿಲ್ಲ, ಆಮೇಲೆ ಯಾರೂ ಕೇಳಲಿಲ್ಲ... ಪೆಟ್ರೋಲ್ ಬಂಕಿನಲ್ಲಿ ಲೈಲ್‌ನನ್ನು ಕಂಡರೆ ಜನ ಇವತ್ತಿಗೂ "ಆಚೆ ಹೋಯ್ತು!" ಅಂತ ಕೈ ಬೀಸಿ ಅಣಕಿಸುತ್ತಾರೆ. ಇನ್ನು ನಿಲ್ಲುತ್ತದೆ. ಎದೆ ಹಗುರಾಯಿತು.

ನವೆಂಬರ್ 21

ಸಾಕ್ಷ್ಯಚಿತ್ರ ಟಿವಿಯಲ್ಲಿ ಬಂತು. ಥೂ! ನನ್ನ ಮೂರು ಗಂಟೆಯ ಮಾತಲ್ಲಿ ಹನ್ನೊಂದು ಸೆಕೆಂಡು ಉಳಿಸಿದ್ದಾರೆ. "ಲೈಲ್ ಒಳ್ಳೆಯವ್ನು. ಆದ್ರೆ ಆ ದಿನ..." – ಕತ್ತರಿ. ಚೆಂಡು ಆಚೆ ಹೋಗುವ ದೃಶ್ಯ.

ಕೆಂಡ್ರಾಗೆ ಫೋನ್ ಮಾಡಿದೆ.

"ಹೊಲಿಗೆ ಗಿಲಿಗೆ ಅಂದ್ರೆ ನೋಡೋರು ಚಾನೆಲ್ ಬದಲಾಯಿಸ್ತಾರೆ ಸರ್."

"ನನ್ನ ಬಾಯಿಂದ್ಲೇ ಅವನ ಕತ್ತು ಕುಯ್ಸಿದ್ಯಲ್ಲಮ್ಮಾ!"

ಲೈಲ್ ಫೋನ್ ಎತ್ತುತ್ತಿಲ್ಲ.

ನವೆಂಬರ್ 30, ಶನಿವಾರ

ಈ ವರ್ಷದ ಮ್ಯಾಚು. ಟಿವಿಯವರು ಇಬ್ಬರನ್ನೂ ಕರೆಸಿದ್ದರು. ಆಟದ ಬಿಡುವಿನಲ್ಲಿ ಮೈದಾನದಂಚಿಗೆ ನಿಲ್ಲಿಸಿದರು. ಲೈಲ್ ನನ್ನ ಕಡೆ ನೋಡಲಿಲ್ಲ. ನೇರಪ್ರಸಾರ, ಕತ್ತರಿ ಹಾಕಲು ಬರುವುದಿಲ್ಲ. ಮೈಕ್ ಕಿತ್ತುಕೊಂಡೆ.

"ತಪ್ಪು ನಂದು. ಹೊಲಿಗೆ ನಾನು ತಿರುಗಿಸ್ಲಿಲ್ಲ. ಲೈಲ್ ಸರಿಯಾಗೇ ಒದ್ದ."

ನಿರೂಪಕನ ಕಣ್ಣಲ್ಲಿ ನೀರು. "ಸ್ನೇಹ ಅಂದ್ರೆ ಇದು ನೋಡಿ! ಗೆಳೆಯನ ತಪ್ಪನ್ನ ತನ್ನ ತಲೆ ಮೇಲೆ ಹಾಕ್ಕೊಳ್ತಿದ್ದಾರೆ!"

ಇಡೀ ಸ್ಟೇಡಿಯಂ ಎದ್ದು ಚಪ್ಪಾಳೆ ತಟ್ಟಿತು. ನನಗೆ! ತಲೆ ಚಚ್ಚಿಕೊಳ್ಳುವ ಹಾಗಾಯಿತು.

ಲೈಲ್ ಕಿವಿಯ ಹತ್ತಿರ ಬಂದ. "ನಂಗೊತ್ತಿತ್ತು ಕಣೋ. ಒದೆಯೋವಾಗ್ಲೇ ಹೊಲಿಗೆ ಕಂಡಿತ್ತು."

"ಮತ್ಯಾಕೋ ಹೇಳ್ಲಿಲ್ಲ?"

"ಗುರಿ ತಪ್ಪಿದವನು ಹೇಳಿದ್ರೆ ಯಾರು ನಂಬ್ತಾರೆ? ನೀನ್ ಹೇಳ್ಬೇಕಿತ್ತು. ನಮ್ಮಮ್ಮ ಇದ್ದಾಗ ಹೇಳ್ಬೇಕಿತ್ತು. ಜನರ ಮಾತು ಕೇಳೋಕಾಗ್ದೆ ಚರ್ಚಿಗೆ ಹೋಗೋದನ್ನೇ ಬಿಟ್ಲು ಅವ್ಳು."

ಆಟ ಮುಗಿಯುವ ಮುಂಚೆಯೇ ಹೊರಟುಹೋದ.

ಡಿಸೆಂಬರ್ 1, ಭಾನುವಾರ

ಚರ್ಚಿನಲ್ಲಿ ಸಾಲಾಗಿ ಬಂದು ಕೈ ಕುಲುಕಿದರು. "ಎಂಥಾ ದೊಡ್ಡ ಮನಸ್ಸಪ್ಪಾ ನಿಂದು!" ಅಲ್ಲ ಅಂದಷ್ಟೂ ಇನ್ನೂ ದೊಡ್ಡವನಾಗುತ್ತೇನೆ. ಏನು ಮಾಡಲಿ?

ಲೈಲ್‌ಗೆ ಕಾಗದ ಬರೆಯಲು ಕೂತೆ. ಕ್ಷಮಿಸು ಅಂತ ಬರೆದೆ. ಹರಿದೆ. ಅವನಿಗೆ ಗೊತ್ತಿರುವುದನ್ನು ಅವನಿಗೇ ಏನು ಬರೆಯುವುದು... ಗೊತ್ತಾಗದೆ ಹೋದವಳು ಅವನಮ್ಮ. ಬೇರೆ ಹಾಳೆ ಬೇಡ, ಇಲ್ಲೇ ಬರೆಯುತ್ತೇನೆ.

ಶ್ರೀಮತಿ ಟಿಡ್‌ಮೋರ್ ಅವರಿಗೆ – ನಾನು ಕೋಯ್. ನಿಮ್ಮ ಮಗ ಆ ದಿನ ಸರಿಯಾಗೇ ಒದ್ದ.